ಚಿತ್ರದ ಕೆಳಗಿನ ಒಂದು ಸಾಲು

ಅಜ್ಜಿಯ ವರ್ಷಾಂತಿಕಕ್ಕೆಂದು ನಾನೊಂದು ವಿಡಿಯೋ ಮಾಡಿದ್ದೆ. ನಾಲ್ಕು ನಿಮಿಷದ್ದು. ಹಳೆಯ ಆಲ್ಬಮ್ಮಿನ ಫೋಟೋಗಳನ್ನು ಮೊಬೈಲಿನಲ್ಲಿ ತೆಗೆದುಕೊಂಡು, ಒಂದರ ಹಿಂದೆ ಒಂದು ಜೋಡಿಸಿ, ಹಿನ್ನೆಲೆಗೆ ಕೊಳಲಿನ ಒಂದು ತುಣುಕು ಹಾಕಿದ್ದೆ. ಕೊನೆಯ ಫೋಟೋದಲ್ಲಿ ಅಜ್ಜಿ ಜಗಲಿಯ ಮೇಲೆ ಕೂತು, ಹಣೆಗೆ ಕೈ ಅಡ್ಡ ಹಿಡಿದು ದಣಪೆಯ ಕಡೆ ನೋಡುತ್ತಿದ್ದಾಳೆ. ಅಲ್ಲಿಗೆ ಬಂದಾಗ ಕೊಳಲು ನಿಧಾನವಾಗುತ್ತದೆ. ಕೆಳಗೆ ಬಿಳಿಯ ಅಕ್ಷರದಲ್ಲಿ ಎರಡು ಪದ ಮೂಡುತ್ತವೆ: ‘ಕಾಯುತ್ತಲೇ ಇದ್ದಳು’.

ಮನೆಯವರ ವಾಟ್ಸಾಪ್ ಗುಂಪಿನಲ್ಲಿ ಎಲ್ಲರೂ ಅಳುವ ಮುಖ ಹಾಕಿದರು. ಬೆಂಗಳೂರಿನ ಚಿಕ್ಕಪ್ಪ ಮಾತ್ರ ಏನೂ ಹಾಕಲಿಲ್ಲ. ರಾತ್ರಿ ಫೋನ್ ಮಾಡಿದರು. “ಆ ಫೋಟೋ ತೆಗ್ದಿದ್ದು ನಾನೇ ಕಣೇ. ಕೆಂಪಿಯ ಕರು ತೋಟಕ್ಕೆ ನುಗ್ಗಿತ್ತು. ಅಮ್ಮ ಅದನ್ನ ನೋಡ್ತಾ ಕೂತಿದ್ಲು. ನಾನು ಪಕ್ಕದಲ್ಲೇ ನಿಂತಿದ್ದೆ.”

ಊರು ಬಿಟ್ಟು ಹೋದ ಮಗನಿಗಾಗಿ ತಾಯಿ ಕಾದಳು ಎಂದು ನಾನು ಎಲ್ಲಿಯೂ ಬರೆದಿರಲಿಲ್ಲ. ಫೋಟೋ, ಕೊಳಲು, ಎರಡು ಪದ, ಇಷ್ಟೇ. ಬಿಡಿಯಾಗಿ ನೋಡಿದರೆ ಯಾವುದರಲ್ಲೂ ಆಪಾದನೆ ಇಲ್ಲ. ಮೂರನ್ನೂ ಕೂಡಿಸಿದಾಗ ಮಾತ್ರ ಇಡೀ ಬಳಗದ ಎದುರು ಚಿಕ್ಕಪ್ಪ ಅಪರಾಧಿಯಾಗಿ ನಿಂತಿದ್ದರು. ಅವರು ಉತ್ತರ ಕೊಡುವುದಾದರೂ ಯಾವ ವಾಕ್ಯಕ್ಕೆ?

ಆ ರಾತ್ರಿ ನನಗೆ ನೆನಪಾದದ್ದು ಜಾನ್ ಬರ್ಜರ್. ‘ವೇಸ್ ಆಫ್ ಸೀಯಿಂಗ್’ ಪುಸ್ತಕವನ್ನು ಕಾಲೇಜಿನ ದಿನಗಳಿಂದ ಮತ್ತೆ ಮತ್ತೆ ಓದಿದ್ದೇನೆ, ಕಂಡವರಿಗೆಲ್ಲ ಓದಿ ಎಂದಿದ್ದೇನೆ. ಚಿತ್ರದ ಪಕ್ಕದಲ್ಲಿ ಪದ ಕೂತರೆ, ಚಿತ್ರದ ಕೆಳಗೆ ಸಂಗೀತ ಹರಿದರೆ ಏನಾಗುತ್ತದೆ ಎಂಬುದೇ ಆ ಪುಸ್ತಕದ ಮೊದಲ ಪಾಠ. ಅದನ್ನು ಅಷ್ಟು ಸಲ ಓದಿಯೂ ನಾನು ಹೀಗೆ ಮಾಡಿದ್ದೆನಲ್ಲ ಎಂದು ಮತ್ತೆ ಕೈಗೆತ್ತಿಕೊಂಡೆ.

ಅದು ಮೊದಲು ಪುಸ್ತಕವಾಗಿರಲಿಲ್ಲ. 1972ರಲ್ಲಿ ಬಿಬಿಸಿಯಲ್ಲಿ ಬಂದ, ಅರ್ಧ ಗಂಟೆಯ ನಾಲ್ಕು ಕಂತುಗಳ ಕಾರ್ಯಕ್ರಮ. ನಿರ್ದೇಶಕ ಮೈಕ್ ಡಿಬ್. ಮೂರು ವರ್ಷ ಮುಂಚೆ ಇದೇ ಬಿಬಿಸಿ ಕೆನೆತ್ ಕ್ಲಾರ್ಕ್ ಅವರ ‘ಸಿವಿಲೈಸೇಶನ್’ ಎಂಬ ಹದಿಮೂರು ಕಂತುಗಳ ಸರಣಿಯನ್ನು ತೋರಿಸಿತ್ತು. ಅಲ್ಲಿ ವಿದ್ವಾಂಸರೊಬ್ಬರು ಯುರೋಪಿನ ಅರಮನೆ, ಚರ್ಚುಗಳಲ್ಲಿ ನಮ್ಮನ್ನು ಕೈಹಿಡಿದು ನಡೆಸುತ್ತಾರೆ. ಬರ್ಜರ್ ಆರಂಭವೇ ಬೇರೆ. ಬೊಟಿಚೆಲ್ಲಿಯ ‘ವೀನಸ್ ಮತ್ತು ಮಾರ್ಸ್’ ಚಿತ್ರದ ಮುಂದೆ ನಿಂತು, ಚಾಕುವಿನಿಂದ ಕ್ಯಾನ್ವಾಸನ್ನು ಕೊಯ್ದು ವೀನಸ್ಸಿನ ಮುಖವನ್ನು ಕಿತ್ತು ತೆಗೆಯುತ್ತಾರೆ. ಕೊಯ್ದದ್ದು ಪ್ರತಿಯನ್ನು, ನಿಜ. ಆದರೆ ನೋಡುವವರ ಎದೆ ಒಮ್ಮೆ ಧಸಕ್ಕೆನ್ನುತ್ತದೆ. ಛಾಯಾಚಿತ್ರದ ಕಾಲದಲ್ಲಿ ಪ್ರತಿ ಚಿತ್ರಕ್ಕೂ ದಿನವೂ ಆಗುತ್ತಿರುವುದು ಇದೇ: ಒಂದು ಭಾಗವನ್ನು ಕತ್ತರಿಸಿ ಬೇರೆಲ್ಲೋ ಅಂಟಿಸುವುದು. ಇದನ್ನು ಬಾಯಲ್ಲಿ ಹೇಳುವ ಮೊದಲು ಅವರು ಕೈಯಲ್ಲಿ ಮಾಡಿ ತೋರಿಸಿದರು.

ಅದೇ ಕಂತಿನಲ್ಲಿ ಕರವಾಜಿಯೊನ ಚಿತ್ರವೊಂದನ್ನು ಎರಡು ಬಗೆಯ ಸಂಗೀತದ ಜೊತೆ ತೋರಿಸುತ್ತಾರೆ. ಚಿತ್ರ ಬದಲಾಗಿಲ್ಲ, ನಾವು ಬದಲಾಗಿದ್ದೇವೆ. ಕಂತು ಮುಗಿಯುವ ಹೊತ್ತಿಗೆ ಕ್ಯಾಮೆರಾದ ಕಡೆ ತಿರುಗಿ, ಈ ಚಿತ್ರಗಳನ್ನು ಜೋಡಿಸುತ್ತಿರುವವನು ನಾನು, ನೀವು ನನಗೆ ತಿರುಗಿ ಮಾತಾಡಲಾರಿರಿ, ಆದ್ದರಿಂದ ನನ್ನ ಜೋಡಣೆಯನ್ನೂ ಅನುಮಾನದಿಂದಲೇ ನೋಡಿ ಎಂಬರ್ಥದ ಮಾತು ಹೇಳುತ್ತಾರೆ. ಟಿವಿಯಲ್ಲಿ ಕೂತು ಟಿವಿಯನ್ನು ನಂಬಬೇಡಿ ಎನ್ನುವವರು ಅಪರೂಪ.

ಪುಸ್ತಕಕ್ಕೆ ಸದ್ದಿಲ್ಲ. ಆ ಕೊರತೆಯನ್ನು ತುಂಬಿದ್ದು ವಿನ್ಯಾಸಕಾರ ರಿಚರ್ಡ್ ಹಾಲಿಸ್. ಸಾಮಾನ್ಯವಾಗಿ ಕಲೆಯ ಪುಸ್ತಕದಲ್ಲಿ ಬರಹ ಒಂದು ಕಡೆ, ಚಿತ್ರಗಳು ಇನ್ನೊಂದು ಕಡೆ. ಓದುಗ ಪುಟ ಹಿಂದೆ ಮುಂದೆ ಮಗುಚುತ್ತ ಹುಡುಕಬೇಕು. ಹಾಲಿಸ್ ಹಾಗೆ ಮಾಡಲಿಲ್ಲ. ಮಾತು ಯಾವ ಚಿತ್ರದ ಬಗ್ಗೆಯೋ ಆ ಚಿತ್ರ ಅಲ್ಲೇ, ಸಾಲುಗಳ ನಡುವೆಯೇ ಬಂದು ಕೂರುತ್ತದೆ. ಅಕ್ಷರಗಳು ದಪ್ಪ, ಬರಹವೂ ಚಿತ್ರದಷ್ಟೇ ಕಪ್ಪಾಗಿ ಕಾಣುತ್ತದೆ. ಲೇಖನ ಶುರುವಾಗುವುದೇ ಮುಖಪುಟದಿಂದ. ಏಳು ಪ್ರಬಂಧಗಳಲ್ಲಿ ಮೂರರಲ್ಲಿ ಬರಹವೇ ಇಲ್ಲ, ಬರೀ ಚಿತ್ರಗಳು.

ಈ ಮೂರು ಮೂಕ ಪ್ರಬಂಧಗಳ ಬಗ್ಗೆ ನನಗೆ ಮೊದಲಿನಿಂದಲೂ ಅಸಮಾಧಾನವಿದೆ. ಮಾತಿನ ಪ್ರಬಂಧಗಳಷ್ಟೇ ಪ್ರಶ್ನೆಗಳನ್ನು ಇವೂ ಎತ್ತಬೇಕು ಎಂಬುದು ಬರೆದವರ ಆಸೆ. ಆದರೆ ಹೆಣ್ಣಿನ ಚಿತ್ರಗಳನ್ನೂ ಜಾಹೀರಾತುಗಳನ್ನೂ ಅಕ್ಕಪಕ್ಕ ಇಟ್ಟ ಎರಡನೆಯ ಪ್ರಬಂಧ ನನಗೆ ಅರ್ಥವಾಗಿದ್ದು ಮೂರನೆಯದನ್ನು ಓದಿದ ಮೇಲೆ. ಮೊದಲ ಓದಿಗೆ ಅದನ್ನು ಎರಡು ನಿಮಿಷದಲ್ಲಿ ಮಗುಚಿಹಾಕಿದ್ದೆ. ಚಿತ್ರಗಳು ಪ್ರಶ್ನೆ ಕೇಳಬಲ್ಲವು. ಆದರೆ ಪ್ರಶ್ನೆ ಯಾವುದೆಂದು ಯಾರಾದರೂ ಒಮ್ಮೆ ಬಾಯಿಬಿಟ್ಟು ಹೇಳಿರಬೇಕು. ಇನ್ನೊಂದು ತೊಡಕು ಮುದ್ರಣದ್ದು. ತೈಲವರ್ಣ ಎಂಬುದು ವಸ್ತುಗಳನ್ನು ಮುಟ್ಟುವಷ್ಟು ಹತ್ತಿರ ತಂದು, ಒಡೆತನದ ಹಂಬಲಕ್ಕೆ ಕನ್ನಡಿ ಹಿಡಿಯಿತು ಎಂದು ಐದನೆಯ ಪ್ರಬಂಧ ವಾದಿಸುತ್ತದೆ. ಸಾಕ್ಷಿಗೆ 1533ರಲ್ಲಿ ಹೋಲ್ಬೈನ್ ಬರೆದ ‘ದಿ ಅಂಬಾಸಡರ್ಸ್’. ಅದರ ರೇಷ್ಮೆ, ತುಪ್ಪಳ, ಲೋಹಗಳೆಲ್ಲ ಪುಸ್ತಕದಲ್ಲಿ ಮಾಸಲು ಬೂದು. ವಾದವನ್ನು ಅದರ ಸಾಕ್ಷಿಯೇ ಕೈಬಿಟ್ಟಿದೆ.

ಈಗ ನನ್ನನ್ನು ಬಹಳ ಕಾಡಿದ ಪುಟಕ್ಕೆ ಬರುತ್ತೇನೆ. ಮೊದಲ ಪ್ರಬಂಧದಲ್ಲಿ ವ್ಯಾನ್ ಗೋ ಬರೆದ ಗೋಧಿ ಹೊಲದ ಚಿತ್ರವಿದೆ. ಹೊಲದ ಮೇಲೆ ಕಾಗೆಗಳು. ಸ್ವಲ್ಪ ಹೊತ್ತು ನೋಡಿ, ಆಮೇಲೆ ಪುಟ ತಿರುಗಿಸಿ ಎನ್ನುತ್ತದೆ ಪುಸ್ತಕ. ತಿರುಗಿಸಿದರೆ ಅದೇ ಚಿತ್ರ, ಕೆಳಗೆ ಕೈಬರಹದಲ್ಲಿ ಒಂದು ಸಾಲು: ವ್ಯಾನ್ ಗೋ ತನ್ನನ್ನು ಕೊಂದುಕೊಳ್ಳುವ ಮೊದಲು ಬರೆದ ಕೊನೆಯ ಚಿತ್ರ ಇದು ಎಂದು. ಒಂದು ಕ್ಷಣದ ಹಿಂದೆ ಹೊಲವಾಗಿದ್ದದ್ದು ಈಗ ಸಾವಿನ ಪತ್ರ. ಕಾಗೆಗಳು ಹತ್ತಿರ ಬರುತ್ತಿವೆ, ದಾರಿ ಎಲ್ಲಿಯೂ ಹೋಗುತ್ತಿಲ್ಲ. ಚಿತ್ರ ಈಗ ಆ ವಾಕ್ಯಕ್ಕೆ ಸಾಕ್ಷಿ ಹೇಳುತ್ತಿದೆ.

ಈ ವಾದ ನಡೆಯುವುದು ಕಾಗದದಲ್ಲಿ, ಪುಟ ತಿರುಗಿಸುವ ಬೆರಳಿನಲ್ಲಿ. ಇದನ್ನೇ ಪಿಡಿಎಫ್‌ನಲ್ಲಿ ಉರುಳಿಸುತ್ತ ಓದಿದವರಿಗೆ ಎರಡೂ ಚಿತ್ರಗಳು ಒಟ್ಟಿಗೇ ಕಂಡು, ಆ ಸಣ್ಣ ಆಘಾತ ಸಿಕ್ಕುವುದೇ ಇಲ್ಲ. ಪುಟದ ವಿನ್ಯಾಸ ಅಲಂಕಾರವಲ್ಲ, ವಾದದ ಒಂದು ಹೆಜ್ಜೆ ಎಂಬುದಕ್ಕೆ ಇದಕ್ಕಿಂತ ಸರಳ ಉದಾಹರಣೆ ನನಗೆ ಗೊತ್ತಿಲ್ಲ.

ಆದರೆ ಆ ಕೈಬರಹದ ಸಾಲು ನಿಜವಲ್ಲ. ಕಾಗೆಗಳ ಹೊಲವನ್ನು ವ್ಯಾನ್ ಗೋ ಬರೆದದ್ದು 1890ರ ಜುಲೈನಲ್ಲಿ. ಅವನು ತೀರಿಕೊಂಡದ್ದು ಅದೇ ತಿಂಗಳ 29ರಂದು. ನಡುವೆ ಬೇರೆ ಚಿತ್ರಗಳನ್ನೂ ಬರೆದಿದ್ದಾನೆ. ಕೊನೆಯದು ‘ಮರದ ಬೇರುಗಳು’ ಎಂಬ, ಪೂರ್ತಿಯಾಗದ ಚಿತ್ರ ಎಂದು ಆಮ್‌ಸ್ಟರ್‌ಡ್ಯಾಮಿನ ವ್ಯಾನ್ ಗೋ ಮ್ಯೂಸಿಯಮ್ಮಿನವರು ಹೇಳುತ್ತಾರೆ. 2020ರಲ್ಲಿ ವೌಟರ್ ವ್ಯಾನ್ ಡರ್ ವೇನ್ ಎಂಬ ಸಂಶೋಧಕರು ಹಳೆಯ ಪೋಸ್ಟ್ ಕಾರ್ಡೊಂದರ ನೆರವಿನಿಂದ ಆ ಬೇರುಗಳಿದ್ದ ಜಾಗವನ್ನೂ ಗುರುತಿಸಿದರು. ವ್ಯಾನ್ ಗೋನ ತಮ್ಮ ಥಿಯೋನ ಭಾವಮೈದುನ ಆಂಡ್ರೀಸ್ ಬೊಂಗರ್, ಆ ಕೊನೆಯ ಬೆಳಗಿನ ಚಿತ್ರ ಬಿಸಿಲು ಮತ್ತು ಜೀವದಿಂದ ತುಂಬಿತ್ತು ಎಂಬರ್ಥದಲ್ಲಿ ಬರೆದಿದ್ದರು. ಕಾಗೆಗಳಲ್ಲ, ಬಿಸಿಲು.

ಬರ್ಜರ್ ಪರವಾಗಿ ಒಂದು ಮಾತು ಹೇಳಬಹುದು. ಪದ ಚಿತ್ರವನ್ನು ಬದಲಿಸುತ್ತದೆ ಎಂದು ತೋರಿಸುವುದಷ್ಟೇ ಅವರ ಉದ್ದೇಶ. ಅದಕ್ಕೆ ಸಾಲು ನಿಜವಾಗಿರಬೇಕಾದ ಅಗತ್ಯವಿಲ್ಲ. ಸುಳ್ಳಾದರೆ ಪಾಠ ಇನ್ನೂ ಖಾರವಾಗುತ್ತದೆ. ಆದರೆ ಅವರು ಆ ಸಾಲನ್ನು ಕೊಟ್ಟಿದ್ದು ಸುಳ್ಳೆಂದಲ್ಲ. ಅಂದಿನ ಜನಪ್ರಿಯ ನಂಬಿಕೆಯನ್ನೇ ಮಾಹಿತಿಯಾಗಿ ಕೊಟ್ಟರು. ನನ್ನಂಥ ಓದುಗರು ಪಾಠವನ್ನೂ ಕಲಿತರು, ಸುಳ್ಳನ್ನೂ ಕಲಿತರು. ವರ್ಷಗಟ್ಟಲೆ ನಾನೂ ಅದೇ ಕೊನೆಯ ಚಿತ್ರ ಎಂದು ಹೇಳಿಕೊಂಡು ತಿರುಗಿದ್ದೇನೆ.

ಇದರ ಪಕ್ಕದಲ್ಲಿ ಗೇನ್ಸ್‌ಬರೋನ ಚಿತ್ರದ ಪ್ರಸಂಗವನ್ನು ಇಟ್ಟು ನೋಡಬೇಕು. ಆಂಡ್ರ್ಯೂಸ್ ದಂಪತಿ ತಮ್ಮ ಜಮೀನಿನ ಮರದ ಕೆಳಗೆ ಇದ್ದಾರೆ. ಗಂಡನ ಕಂಕುಳಲ್ಲಿ ಕೋವಿ, ಪಕ್ಕದಲ್ಲಿ ನಾಯಿ, ಹಿಂದೆ ಕೊಯ್ದ ಪೈರು. ಅವರು ಪ್ರಕೃತಿಯನ್ನು ಸವಿಯುತ್ತಿದ್ದಾರೆ ಎಂಬುದು ವಿದ್ವಾಂಸರ ಮಾತು. ಅವರು ಜಮೀನುದಾರರು, ಮುಖದ ಮೇಲೆ ಇರುವುದು ಒಡೆತನದ ಠೀವಿ ಎಂಬುದು ಬರ್ಜರ್ ಮಾತು. ಟಿವಿಯಲ್ಲಿ ಅವರು ಒಂದು ತುಂಟತನ ಮಾಡಿದರು: ಆ ಮರಕ್ಕೆ ‘ಒಳಗೆ ಬರಕೂಡದು’ ಎಂಬರ್ಥದ ಒಂದು ಫಲಕ ತಗುಲಿಸಿದರು. ಕಲಾಪಂಡಿತ ಲಾರೆನ್ಸ್ ಗೋವಿಂಗ್ ಸಿಟ್ಟಾದರು. ಚಿತ್ರಕ್ಕೂ ನಮಗೂ ನಡುವೆ ಈ ಬರ್ಜರ್ ಯಾಕೆ ಬಂದು ನಿಲ್ಲುತ್ತಾರೆ ಎಂಬುದು ಅವರ ತಕರಾರು. ಬರ್ಜರ್ ಆ ತಕರಾರನ್ನು ಪುಸ್ತಕದಲ್ಲೇ ಅಚ್ಚು ಹಾಕಿ ಅದಕ್ಕೆ ಉತ್ತರ ಕೊಟ್ಟರು.

ಫಲಕ ಒರಟು, ಅತಿರೇಕ, ಒಂದು ರೀತಿಯಲ್ಲಿ ಅನ್ಯಾಯ. ಆದರೂ ಈಗ ನನಗೆ ಅದೇ ಹೆಚ್ಚು ಪ್ರಾಮಾಣಿಕ ಅನ್ನಿಸುತ್ತದೆ. ಅಂಟಿಸಿದ್ದು ಅಂಟಿಸಿದ್ದೆಂದೇ ಕಾಣುತ್ತದೆ. ಗೋವಿಂಗ್ ಜಗಳ ಆಡಬಲ್ಲವರಾದದ್ದು ಅದಕ್ಕೇ. ವ್ಯಾನ್ ಗೋ ಚಿತ್ರದ ಕೆಳಗಿನ ಸಾಲು ಅಭಿಪ್ರಾಯದಂತೆ ಕಾಣುವುದಿಲ್ಲ. ಬರೀ ಮಾಹಿತಿಯಂತೆ, ವಿನಯದಿಂದ ಕೂತಿದೆ. ಮಾಹಿತಿಯ ಜೊತೆ ಯಾರು ಜಗಳವಾಡುತ್ತಾರೆ?

ನಮ್ಮ ಸುದ್ದಿವಾಹಿನಿಗಳಲ್ಲಿ ಸಿಸಿಟಿವಿ ದೃಶ್ಯದ ಮೇಲೆ ಕೆಂಪು ವೃತ್ತ ಬರುತ್ತದೆ, ಹಿಂದೆ ನಗಾರಿ ಬಡಿಯುತ್ತದೆ. ವೃತ್ತದೊಳಗಿನ ಮನುಷ್ಯ ಕಳ್ಳ ಎಂದು ಯಾರೂ ಹೇಳಿಲ್ಲ. ನಗಾರಿಯ ಮೇಲೆ ಯಾರೂ ಮಾನನಷ್ಟದ ಕೇಸು ಹಾಕುವಂತಿಲ್ಲ. ಬರಹದ ವಿಮರ್ಶೆಯಲ್ಲಿ ನಾವು ಸಾಲುಸಾಲನ್ನೂ ಎಳೆದು ಕೇಳುತ್ತೇವೆ: ಇದಕ್ಕೆ ಆಧಾರವೇನು? ಸದ್ದನ್ನು, ಚೌಕಟ್ಟನ್ನು, ಅಕ್ಷರದ ಗಾತ್ರವನ್ನು ಹಾಗೆ ಕೇಳುವ ಅಭ್ಯಾಸ ನಮಗೆ ಇನ್ನೂ ಆಗಿಲ್ಲ. ಅವನ್ನು ‘ಪರಿಣಾಮಕಾರಿ’ ಎಂದು ಹೊಗಳಿ ಮುಂದೆ ಹೋಗುತ್ತೇವೆ. ನಾನು ಈಗ ಹಿಡಿದಿರುವ ಉಪಾಯ ಸರಳವಾದದ್ದು. ಈ ಸದ್ದು ಮಾತಾಡಿದ್ದರೆ ಏನು ಹೇಳುತ್ತಿತ್ತು? ಆ ಮಾತನ್ನು ಕಾಗದದ ಮೇಲೆ ಬರೆದು, ಕೆಳಗೆ ಸಹಿ ಹಾಕಲು ನನಗೆ ಧೈರ್ಯವಿದೆಯೇ? ಇದ್ದರೆ ಸದ್ದು ಇರಲಿ. ಇಲ್ಲದಿದ್ದರೆ ಅದು ವಾದವಲ್ಲ, ಮರೆಯಲ್ಲಿ ನಿಂತು ಎಸೆದ ಕಲ್ಲು.

ನನ್ನ ಕೊಳಲನ್ನೂ ಹಾಗೆ ಕೇಳಿಕೊಂಡೆ. ಅದು ಹೇಳುತ್ತಿದ್ದದ್ದು ಇಷ್ಟು: ಚಿಕ್ಕಪ್ಪ, ನೀವು ಅಜ್ಜಿಯನ್ನು ನೋಡಲು ಸಾಕಷ್ಟು ಬರಲಿಲ್ಲ. ನನಗೆ ಬಹಳ ವರ್ಷಗಳಿಂದ ಹಾಗೆ ಅನ್ನಿಸುತ್ತಿತ್ತು. ಎದುರಿಗೆ ಹೇಳಲು ಆಗಿರಲಿಲ್ಲ. ಕರು ನೋಡುತ್ತ ಕೂತಿದ್ದ ಅಜ್ಜಿಯ ಕೈಯಲ್ಲಿ, ಯಾರೋ ನುಡಿಸಿದ ಕೊಳಲಿನ ಬಾಯಲ್ಲಿ ಅದನ್ನು ಹೇಳಿಸಿಬಿಟ್ಟಿದ್ದೆ.

ಮುಂದಿನ ಸಲ ಊರಿಗೆ ಬಂದಾಗ ಅದನ್ನು ಚಿಕ್ಕಪ್ಪನಿಗೆ ಹೇಳಿದೆ. ಅದೇ ಜಗಲಿ. ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. “ವರ್ಷಕ್ಕೆ ಎರಡು ಸಲ ಬರ್ತಿದ್ದೆ. ಸಾಲ್ದು ಅಂತ ನಂಗೂ ಗೊತ್ತಿತ್ತು,” ಎಂದರು. ಆಮೇಲೆ, “ಆದ್ರೆ ಆ ಫೋಟೋ ಕರುವಿಂದೇ ಕಣೇ” ಎಂದರು.

ವಿಡಿಯೋದಿಂದ ಕೊಳಲನ್ನೂ ಆ ಎರಡು ಪದಗಳನ್ನೂ ತೆಗೆದಿದ್ದೇನೆ. ಕೊನೆಯ ಫೋಟೋದ ಮೇಲೆ ಈಗ ಚಿಕ್ಕಪ್ಪನ ದನಿ ಇದೆ; ತೋಟಕ್ಕೆ ನುಗ್ಗಿದ ಕರುವಿನ ಕತೆ ಹೇಳುತ್ತಾರೆ. ನಡುವೆ ಗಾಳಿಯ ಸದ್ದು, ಯಾರೋ ಕಾಫಿಗೆ ಕರೆದ ಸದ್ದು. ಈ ಸಲ ಗುಂಪಿನಲ್ಲಿ ಯಾರೂ ಅಳುವ ಮುಖ ಹಾಕಲಿಲ್ಲ. ಕರುವಿನ ಹೆಸರು ಏನು ಎಂದು ಮೂವರು ಕೇಳಿದರು.