ಟೀಕ್ಸೋಬ್ಯಾಕ್ಟಿನ್ ಪ್ರಬಂಧವನ್ನು ಈಗ ಓದಿದರೆ

2015ರ ಜನವರಿಯಲ್ಲಿ ‘ನೇಚರ್’ ಪತ್ರಿಕೆಯಲ್ಲಿ ಬಂದ ಒಂದು ಪ್ರಬಂಧ ನೋಡನೋಡುತ್ತಿದ್ದಂತೆ ವಿಜ್ಞಾನಿಗಳ ವಲಯ ದಾಟಿ ದಿನಪತ್ರಿಕೆಗಳ ಸುದ್ದಿಯಾಯಿತು. ಅಮೆರಿಕದ ಮೇನ್ ರಾಜ್ಯದ ಹುಲ್ಲುಗಾವಲೊಂದರ ಮಣ್ಣಿನಲ್ಲಿ ಹೊಸ ಆ್ಯಂಟಿಬಯೋಟಿಕ್ ಸಿಕ್ಕಿದೆ, ಹೆಸರು ಟೀಕ್ಸೋಬ್ಯಾಕ್ಟಿನ್, ಇದರ ಮುಂದೆ ಬ್ಯಾಕ್ಟೀರಿಯಾಗಳ ಆಟ ನಡೆಯುವುದಿಲ್ಲ. ಪ್ರಬಂಧದ ಶೀರ್ಷಿಕೆಯಲ್ಲೇ ಆ ಭರವಸೆ ಇತ್ತು: ರೋಗಾಣು ಸಾಯುತ್ತದೆ, ಪ್ರತಿರೋಧ ಪತ್ತೆಯಾಗಿಲ್ಲ. ಹತ್ತು ವರ್ಷ ದಾಟಿದರೂ ಆ ಔಷಧ ಅಂಗಡಿಗೆ ಬಂದಿಲ್ಲ. ಅದಕ್ಕಾಗಿ ಸಂಶೋಧಕರನ್ನು ದೂರುವಂತಿಲ್ಲ. ಪ್ರಯೋಗಾಲಯದ ಅಣು ರೋಗಿಯ ಹಾಸಿಗೆ ತಲುಪಲು ಅಷ್ಟು ಕಾಲ ಹಿಡಿಯುವುದು ಮಾಮೂಲು. ನನ್ನ ತಕರಾರು ಬೇರೆ. ಆ ಪ್ರಬಂಧದ ಹಿಂದೆ ನಿಜಕ್ಕೂ ಹೊಸದಾಗಿದ್ದದ್ದು ಒಂದು, ಡಂಗುರ ಸಾರಿದ್ದು ಮತ್ತೊಂದನ್ನು.

ಹೊಸದಾಗಿದ್ದದ್ದು ಪ್ಲಾಸ್ಟಿಕ್ಕಿನ ಒಂದು ಫಲಕ. ಅದರ ಬೆಲೆ ತಿಳಿಯಲು ಸ್ವಲ್ಪ ಹಿಂದೆ ಹೋಗಬೇಕು. ಜರ್ಮನಿಯ ಜೂಲಿಯಸ್ ಪೆಟ್ರಿ 1887ರಲ್ಲಿ ಮುಚ್ಚಳವಿರುವ ತಟ್ಟೆಯನ್ನು ಬಳಕೆಗೆ ತಂದಾಗಿನಿಂದ ಸೂಕ್ಷ್ಮಜೀವಿ ಶಾಸ್ತ್ರವೆಲ್ಲ ಆ ತಟ್ಟೆಯ ಮೇಲೇ ನಡೆದಿದೆ. ಆದರೆ ಮೈಕ್ರೋಸ್ಕೋಪಿನಡಿ ಕಾಣುವ ಮಣ್ಣಿನ ಬ್ಯಾಕ್ಟೀರಿಯಾಗಳಲ್ಲಿ ತಟ್ಟೆಯ ಮೇಲೆ ಬೆಳೆಯುವುದು ನೂರಕ್ಕೆ ಒಂದು, ಅದೂ ಹೆಚ್ಚು. 1943ರಲ್ಲಿ ಸೆಲ್ಮನ್ ವಾಕ್ಸ್‌ಮನ್‌ರ ಪ್ರಯೋಗಾಲಯದಲ್ಲಿ ಮಣ್ಣಿನ ಬ್ಯಾಕ್ಟೀರಿಯಾದಿಂದ ಸ್ಟ್ರೆಪ್ಟೊಮೈಸಿನ್ ಎಂಬ ಆ್ಯಂಟಿಬಯೋಟಿಕ್ ಸಿಕ್ಕಿದ ಮೇಲೆ ಔಷಧ ಕಂಪನಿಗಳು ಈ ಒಂದು ಪಾಲನ್ನೇ ಬಗೆದು ಬಗೆದು ಬರಿದು ಮಾಡಿದವು. ಆಮೇಲೆ ಎಷ್ಟು ಹುಡುಕಿದರೂ ಕೈಗೆ ಬರುತ್ತಿದ್ದದ್ದು ಹಳೆಯ ಅಣುಗಳೇ.

ಬಾಸ್ಟನ್‌ನ ನಾರ್ತ್‌ಈಸ್ಟರ್ನ್ ವಿಶ್ವವಿದ್ಯಾಲಯದ ಕಿಮ್ ಲೂಯಿಸ್ ಮತ್ತು ಸ್ಲಾವಾ ಎಪ್‌ಸ್ಟೈನ್ ಉಳಿದ ತೊಂಬತ್ತೊಂಬತ್ತರ ಬೆನ್ನು ಹತ್ತಿದರು. ಜೀವಿ ಪ್ರಯೋಗಾಲಯಕ್ಕೆ ಬರಲೊಲ್ಲದಿದ್ದರೆ ಪ್ರಯೋಗಾಲಯವನ್ನೇ ಮಣ್ಣಿಗಿಳಿಸೋಣ ಎಂಬುದು ಅವರ ಉಪಾಯ. 2002ರಲ್ಲಿ ಅದರ ಮೊದಲ ರೂಪ ಬಂತು, 2010ರಲ್ಲಿ ಐಚಿಪ್ ಎಂಬ ಪುಟ್ಟ ಉಪಕರಣ. ಅಂಗೈಯಲ್ಲಿ ಹಿಡಿಯಬಹುದಾದ ಫಲಕ, ಅದರಲ್ಲಿ ಈಚೆಯಿಂದ ಆಚೆಗೆ ಕೊರೆದ ನೂರಾರು ತೂತುಗಳು, ಒಂದೊಂದೂ ಸುಮಾರು ಒಂದು ಮಿಲಿಮೀಟರ್ ಅಗಲ. ಮಣ್ಣನ್ನು ನೀರಿನಲ್ಲಿ ಕದಡಿ, ತೂತಿಗೆ ಸರಾಸರಿ ಒಂದೇ ಜೀವಕೋಶ ಸಿಗುವಷ್ಟು ತೆಳುವಾಗಿಸಿ, ಕರಗಿದ ಅಗಾರ್‌ನಲ್ಲಿ ಬೆರೆಸಿ ಫಲಕವನ್ನು ಅದ್ದುತ್ತಾರೆ. ಅಗಾರ್ ಹೆಪ್ಪುಗಟ್ಟುತ್ತದೆ. ಎರಡೂ ಬದಿಗೆ ತೆಳುವಾದ ಪೊರೆ ಹೊದಿಸಿ, ಮೇಲೊಂದು ಕೆಳಗೊಂದು ಹಲಗೆ ಇಟ್ಟು ತಿರುಪು ಬಿಗಿಯುತ್ತಾರೆ. ಪೊರೆಯ ರಂಧ್ರಗಳು 0.03 ಮೈಕ್ರಾನ್. ಲವಣ, ಪೋಷಕಾಂಶ, ಅಕ್ಕಪಕ್ಕದ ಜೀವಿಗಳು ಸೂಸುವ ರಾಸಾಯನಿಕ ಎಲ್ಲವೂ ನುಸುಳುತ್ತವೆ, ಬ್ಯಾಕ್ಟೀರಿಯಾ ಮಾತ್ರ ಹೊರಗೂ ಹೋಗದು, ಒಳಗೂ ಬಾರದು. ಇಷ್ಟಾದ ಮೇಲೆ ಫಲಕವನ್ನು ತಂದ ಮಣ್ಣಿನಲ್ಲೇ ಹೂಳುತ್ತಾರೆ.

ಈ ವಿಧಾನದಲ್ಲಿ ಸುಮಾರು ಅರ್ಧದಷ್ಟು ಕೋಶಗಳು ಬೆಳೆದವು. ಒಂದು ಪಾಲಿನಿಂದ ಐವತ್ತು ಪಾಲು! ಅಷ್ಟೇ ಅಲ್ಲ, ಹೀಗೆ ಒಮ್ಮೆ ಗುಂಪಾಗಿ ಬೆಳೆದವುಗಳಲ್ಲಿ ಅನೇಕ ಆಮೇಲೆ ಪ್ರಯೋಗಾಲಯದ ತಟ್ಟೆಗೂ ಒಗ್ಗಿಕೊಂಡವು. ಆ ಜೀವಿಗೆ ಮಣ್ಣಿನಲ್ಲಿ ಏನು ಸಿಗುತ್ತಿತ್ತು, ತಟ್ಟೆಯಲ್ಲಿ ಏನು ಕೊರತೆಯಾಯಿತು ಎಂದು ತಿಳಿಯುವ ಗೋಜಿಗೇ ಈ ಉಪಕರಣ ಹೋಗುವುದಿಲ್ಲ. ಎಂಜಿನಿಯರ್‌ಗೆ ಇದು ಜಾಣತನ. ಜೀವವಿಜ್ಞಾನಿಗೆ ಮಾತ್ರ ಮುಖ್ಯ ಪ್ರಶ್ನೆ ಹಾಗೇ ಉಳಿಯಿತು. (ಕೆನಡಾದ ಮ್ಯಾಕ್‌ಮಾಸ್ಟರ್ ವಿಶ್ವವಿದ್ಯಾಲಯದ ಗೆರಿ ರೈಟ್ ತಂಡ ಹಿತ್ತಿಲ ಮಣ್ಣಿನ ಬ್ಯಾಕ್ಟೀರಿಯಾಗಳನ್ನು ಸುಮಾರು ಒಂದು ವರ್ಷ ಸುಮ್ಮನೆ ಬೆಳೆಯಲು ಬಿಟ್ಟು, 2025ರಲ್ಲಿ ಲಾರಿಯೊಸಿಡಿನ್ ಎಂಬ ಹೊಸ ಅಣುವನ್ನು ಪ್ರಕಟಿಸಿತು. ಉಪಕರಣದ ಕೆಲಸವನ್ನು ಕೆಲವೊಮ್ಮೆ ತಾಳ್ಮೆಯೂ ಮಾಡುತ್ತದೆ.)

ಇನ್ನು ಔಷಧ. ಐಚಿಪ್‌ನಲ್ಲಿ ಬೆಳೆದ ಸುಮಾರು 10,000 ಬ್ಯಾಕ್ಟೀರಿಯಾ ತಳಿಗಳ ಸಾರವನ್ನು ಸ್ಟ್ಯಾಫಿಲೋಕಾಕಸ್ ಆರಿಯಸ್ ಎಂಬ ರೋಗಾಣುವನ್ನು ಹರಡಿದ ತಟ್ಟೆಗಳ ಮೇಲೆ ಪರೀಕ್ಷಿಸಿದರು. ಗೆದ್ದದ್ದು ಎಲೆಫ್ತೀರಿಯಾ ಟೆರೇ ಎಂದು ಹೆಸರಿಟ್ಟ ಹೊಸ ಜೀವಿ. ಅದು ತಯಾರಿಸುವ ಟೀಕ್ಸೋಬ್ಯಾಕ್ಟಿನ್ ಹನ್ನೊಂದು ಅಮೈನೋ ಆಮ್ಲಗಳ ಸಣ್ಣ ಸರಪಳಿ. ಬ್ಯಾಕ್ಟೀರಿಯಾ ತನ್ನ ಕೋಶಭಿತ್ತಿ ಕಟ್ಟಲು ಬಳಸುವ ಲಿಪಿಡ್ ಅಣುಗಳಿಗೇ ಅದು ಅಂಟಿಕೊಳ್ಳುತ್ತದೆ. ರಕ್ತಕ್ಕೆ ಸೋಂಕು ತಗುಲಿದ ಇಲಿಗಳಲ್ಲಿ ಅರ್ಧದಷ್ಟನ್ನು ಉಳಿಸಲು ಹಳೆಯ ಆ್ಯಂಟಿಬಯೋಟಿಕ್ ವ್ಯಾಂಕೊಮೈಸಿನ್ ಕಿಲೋ ತೂಕಕ್ಕೆ 2.75 ಮಿಲಿಗ್ರಾಂ ಬೇಕಾದರೆ ಇದು 0.19 ಮಿಲಿಗ್ರಾಂ ಸಾಕಾಯಿತು. ಪ್ರಬಂಧದ ಈ ಭಾಗ ಗಟ್ಟಿಯಾಗಿದೆ, ಕಾಲವೂ ಅದನ್ನು ಎತ್ತಿಹಿಡಿದಿದೆ. 2022ರಲ್ಲಿ ನೆದರ್‌ಲ್ಯಾಂಡ್ಸ್‌ನ ಉಟ್ರೆಕ್ಟ್ ವಿಶ್ವವಿದ್ಯಾಲಯದ ಮಾರ್ಕುಸ್ ವೈಂಗಾರ್ಟ್ ತಂಡ ಇದರ ಅಣುಗಳು ಪೊರೆಯ ಮೇಲೆ ಒಂದಕ್ಕೊಂದು ಹೆಣೆದುಕೊಂಡು ನಾರಿನಂತಾಗಿ ಪೊರೆಯನ್ನೇ ಕೆಡಿಸುತ್ತವೆ ಎಂದು ತೋರಿಸಿತು.

ಪ್ರತಿರೋಧದ ಮಾತಿಗೆ ಬಂದಾಗ ಕಾಲು ಜಾರುತ್ತದೆ. ಪ್ರಯೋಗ ಹೀಗಿತ್ತು: ಸ್ಟ್ಯಾಫಿಲೋಕಾಕಸನ್ನು ಸಾಯಿಸದಷ್ಟು ಪ್ರಮಾಣದ ಔಷಧದಲ್ಲಿ 27 ದಿನ ಮರುಮರು ಬೆಳೆಸಿದರು. ಅದೇ ಪರೀಕ್ಷೆಯಲ್ಲಿ ಆಫ್ಲಾಕ್ಸಾಸಿನ್ ಎಂಬ ಇನ್ನೊಂದು ಆ್ಯಂಟಿಬಯೋಟಿಕ್‌ಗೆ ಪ್ರತಿರೋಧ ಸಲೀಸಾಗಿ ಬಂತು, ಟೀಕ್ಸೋಬ್ಯಾಕ್ಟಿನ್‌ಗೆ ಬರಲಿಲ್ಲ. ಕಾರಣವೂ ಸರಿಯೇ. ಗುರಿ ಪ್ರೋಟೀನಾಗಿದ್ದರೆ ಜೀನಿನ ಒಂದು ಅಕ್ಷರ ತಪ್ಪಿದರೂ ಅದರ ಆಕಾರ ಬದಲಾಗಿ ಔಷಧ ಕೂರದಂತಾಗುತ್ತದೆ. ಲಿಪಿಡ್ಡನ್ನು ಹಾಗೆ ಒಂದೇಟಿಗೆ ಬದಲಿಸಲಾಗದು. ಆದರೆ ವ್ಯಾಂಕೊಮೈಸಿನ್ ಕೂಡ ಕೂರುವುದು ಆ ಲಿಪಿಡ್ಡಿನ ಮೇಲೇ ಅಲ್ಲವೇ? 1958ರಲ್ಲಿ ಬಳಕೆಗೆ ಬಂದ ಆ ಔಷಧವನ್ನು 1980ರ ದಶಕದ ಕೊನೆಗೆ ಎಂಟರೋಕಾಕಸ್ ಎಂಬ ಬ್ಯಾಕ್ಟೀರಿಯಾಗಳು ಸೋಲಿಸಿದ್ದು ರೂಪಾಂತರದಿಂದಲ್ಲ, ಹೊರಗಿನಿಂದ ಪಡೆದ ಒಂದು ಜೀನ್ ಗುಂಪಿನಿಂದ. ಆ ಜೀನ್‌ಗಳ ವಂಶವೃಕ್ಷವೋ ಬಹು ಹಳೆಯದು. ಕೆನಡಾದ ಯೂಕಾನ್‌ನಲ್ಲಿ 30,000 ವರ್ಷಗಳಿಂದ ಹೆಪ್ಪುಗಟ್ಟಿದ್ದ ಮಣ್ಣಿನಲ್ಲಿ ವ್ಯಾಂಕೊಮೈಸಿನ್ ಪ್ರತಿರೋಧದ ಜೀನ್ ಇರುವುದನ್ನು 2011ರಲ್ಲೇ ‘ನೇಚರ್’ ಪ್ರಕಟಿಸಿತ್ತು. ಒಂದೇ ತಳಿಯನ್ನು ಕೊಳವೆಯಲ್ಲಿ ಒಂಟಿಯಾಗಿಟ್ಟು 27 ದಿನ ಕಾದರೆ ರೂಪಾಂತರ ಕಂಡೀತು. ನೆರೆಹೊರೆಯಿಂದ ಜೀನ್ ಎರವಲು ಬರುವುದು ಕಾಣುವುದೆಂತು? ಕೊಡಲು ಅಲ್ಲಿ ನೆರೆಯವರೇ ಇಲ್ಲ.

ಲೇಖಕರಿಗೆ ಇದು ಹೊಳೆಯದೆ ಇರಲಿಲ್ಲ. ವ್ಯಾಂಕೊಮೈಸಿನ್ ತಯಾರಿಸುವ ಜೀವಿಗೆ ಹೊರಪೊರೆ ಇಲ್ಲ, ಹಾಗಾಗಿ ತನ್ನದೇ ವಿಷದಿಂದ ಪಾರಾಗಲು ಅದು ಪ್ರತಿರೋಧದ ಜೀನ್ ಇಟ್ಟುಕೊಳ್ಳಲೇಬೇಕು. ಎಲೆಫ್ತೀರಿಯಾ ಗ್ರಾಂ ನೆಗೆಟಿವ್, ಅಂದರೆ ಹೊರಪೊರೆ ಇರುವ ಗುಂಪಿನದು. ಅದರ ಹೊರಪೊರೆಯೇ ರಕ್ಷಣೆಯಾದ್ದರಿಂದ ಎರವಲು ಕೊಡಲು ಜೀನ್ ಇರಲಾರದು ಎಂದು ಅವರು ವಾದಿಸಿದರು. ಜಾಣ ವಾದ, ಇಡೀ ಪ್ರಬಂಧದಲ್ಲಿ ನನಗೆ ಹೆಚ್ಚು ಹಿಡಿಸಿದ್ದೂ ಇದೇ. ಆದರೆ ತಯಾರಕನಲ್ಲಿ ಇಲ್ಲದ್ದು ಅದೇ ಮಣ್ಣಿನಲ್ಲಿ ತಲೆತಲಾಂತರದಿಂದ ಈ ವಿಷ ಉಂಡುಕೊಂಡೇ ಬದುಕಿರುವ ಇನ್ನೊಂದು ಜೀವಿಯಲ್ಲಿ ಇರಬಾರದೇಕೆ? ಮಣ್ಣಿನ ಸಾವಿರಾರು ಜೀವಿಗಳನ್ನು ಕೈಯಲ್ಲಿ ಹಿಡಿದಿದ್ದ ಈ ತಂಡವೇ ಅದನ್ನು ಹುಡುಕಿ ನೋಡಬಹುದಿತ್ತು. ಪೂರ್ವಾನುಮಾನ ಶೀರ್ಷಿಕೆಗೆ ಹತ್ತಿತು, ಅದನ್ನು ಒರೆಗೆ ಹಚ್ಚುವ ಪ್ರಯೋಗ ಪ್ರಬಂಧದೊಳಗೆ ಬರಲಿಲ್ಲ.

ಇದಕ್ಕಿಂತ ದೊಡ್ಡ ಕೊರತೆಯನ್ನು ಸುದ್ದಿಪತ್ರಿಕೆಗಳು ಕೊನೆಯ ಸಾಲಿಗೆ ತಳ್ಳಿದವು. ತಯಾರಕನನ್ನು ಕಾಯುವ ಆ ಹೊರಪೊರೆ ಉಳಿದ ಗ್ರಾಂ ನೆಗೆಟಿವ್‌ಗಳನ್ನೂ ಕಾಯುತ್ತದೆ, ಅವುಗಳ ಮೇಲೆ ಟೀಕ್ಸೋಬ್ಯಾಕ್ಟಿನ್ ನಡೆಯದು. 2019ರಲ್ಲಿ ಔಷಧ ಪ್ರತಿರೋಧದಿಂದ ಜಗತ್ತಿನಲ್ಲಿ 12.7 ಲಕ್ಷ ಮಂದಿ ಸತ್ತರೆಂದು ‘ಲ್ಯಾನ್ಸೆಟ್’ ಅಂದಾಜಿಸಿತ್ತು. ಮುಖ್ಯ ಕಾರಣಗಳೆಂದು ಅದು ಹೆಸರಿಸಿದ ಆರು ಬ್ಯಾಕ್ಟೀರಿಯಾಗಳಲ್ಲಿ ನಾಲ್ಕು ಗ್ರಾಂ ನೆಗೆಟಿವ್. ಭಾರತದ ಐಸಿಯುಗಳಲ್ಲಿ ವೈದ್ಯರ ನಿದ್ದೆಗೆಡಿಸುವುದು ಕ್ಲೆಬ್ಸಿಯೆಲ್ಲಾ, ಅಸಿನೆಟೊಬ್ಯಾಕ್ಟರ್ ಎಂಬ ಗ್ರಾಂ ನೆಗೆಟಿವ್‌ಗಳು. 2011ರಲ್ಲಿ ಪ್ರಕಟವಾದ ಅಧ್ಯಯನವೊಂದರಲ್ಲಿ ದೆಹಲಿಯ ನಿಂತ ಕೊಳಚೆ ನೀರಿನ 171 ಮಾದರಿಗಳಲ್ಲಿ 51ರಲ್ಲಿ, ನಲ್ಲಿ ನೀರಿನ 50 ಮಾದರಿಗಳ ಪೈಕಿ 2ರಲ್ಲಿ ಎನ್‌ಡಿಎಂ-1 ಎಂಬ ಪ್ರತಿರೋಧದ ಜೀನ್ ಸಿಕ್ಕಿತ್ತು. ಅದನ್ನು ಹೊತ್ತು ತಿರುಗುವವೂ ಇದೇ ಗುಂಪಿನವು.

ಇಂಥ ಔಷಧಗಳಿಂದ ಹಣ ಹುಟ್ಟುವುದಿಲ್ಲವೆಂಬ ಕಥೆ ಗೊತ್ತಿದ್ದದ್ದೇ. ಗ್ರಾಂ ನೆಗೆಟಿವ್‌ಗೆಂದೇ ತಯಾರಾದ ಪ್ಲಾಝೊಮೈಸಿನ್‌ಗೆ 2018ರಲ್ಲಿ ಅಮೆರಿಕದಲ್ಲಿ ಒಪ್ಪಿಗೆ ಸಿಕ್ಕಿತು, ಮರುವರ್ಷವೇ ಅದನ್ನು ತಯಾರಿಸಿದ ಅಕಾವೊಜೆನ್ ಕಂಪನಿ ದಿವಾಳಿ. ಆಸ್ಟ್ರಾಜೆನೆಕಾ ಬೆಂಗಳೂರಿನ ತನ್ನ ಸಂಶೋಧನಾ ಕೇಂದ್ರವನ್ನು ಮುಚ್ಚುವುದಾಗಿ 2014ರಲ್ಲಿ ಘೋಷಿಸಿತು. ಅಲ್ಲಿಂದ ಹೊರಬಂದವರು ಕಟ್ಟಿದ ಬಗ್‌ವರ್ಕ್ಸ್ ಕಂಪನಿ ಇವತ್ತು ಇದೇ ಕಷ್ಟದ ಗ್ರಾಂ ನೆಗೆಟಿವ್‌ಗಳ ಹಿಂದೆ ಬಿದ್ದಿದೆ.

ಹೊರಪೊರೆ ದಾಟುವ ಅಣು ಐಚಿಪ್‌ನಲ್ಲಿ ಸಿಗಲಿಲ್ಲವೆಂದರೆ ಅದರಲ್ಲಿ ಅಚ್ಚರಿಯೇನಿದೆ? ತಟ್ಟೆಯ ಮೇಲೆ ಹರಡಿದ್ದು ಸ್ಟ್ಯಾಫಿಲೋಕಾಕಸ್, ಅದಕ್ಕೆ ಹೊರಪೊರೆಯೇ ಇಲ್ಲ. 2023ರಲ್ಲಿ ಅದೇ ಉಪಕರಣ ನಾರ್ತ್ ಕೆರೊಲಿನಾದ ಮರಳು ಮಣ್ಣಿನಿಂದ ಕ್ಲೋವಿಬ್ಯಾಕ್ಟಿನ್ ತಂದಿತು, ಅದೂ ಹೊರಪೊರೆಯಿಲ್ಲದ ಗ್ರಾಂ ಪಾಸಿಟಿವ್‌ಗಳನ್ನೇ ಕೊಲ್ಲುತ್ತದೆ. ನಡುವೆ, 2019ರಲ್ಲಿ, ಲೂಯಿಸ್ ತಂಡ ಹುಡುಕುವ ಜಾಗವನ್ನೂ ಗುರಿಯನ್ನೂ ಬದಲಿಸಿತು. ಹುಳುಗಳ ಕರುಳಿನಲ್ಲಿ ವಾಸಿಸುವ ಫೋಟೋರ‍್ಯಾಬ್ಡಸ್ ಎಂಬ ಬ್ಯಾಕ್ಟೀರಿಯಾದ ಸಾರವನ್ನು ಇ. ಕೊಲೈ ಮೇಲೆ ಪರೀಕ್ಷಿಸಿತು. ಐಚಿಪ್ ಬೇಕಾಗಲಿಲ್ಲ, ಅದು ತಟ್ಟೆಯಲ್ಲೇ ಬೆಳೆಯುವ ಜೀವಿ. ಸಿಕ್ಕ ಡಾರೊಬ್ಯಾಕ್ಟಿನ್ ಗ್ರಾಂ ನೆಗೆಟಿವ್‌ಗಳ ಹೊರಪೊರೆಯಲ್ಲೇ ಇರುವ ಬ್ಯಾಮ್‌ಎ ಎಂಬ ಪ್ರೋಟೀನಿಗೆ ಅಂಟಿಕೊಳ್ಳುತ್ತದೆ, ಒಳಗೆ ನುಗ್ಗುವ ಅಗತ್ಯವೇ ಇಲ್ಲ. ಡಾರೊಬ್ಯಾಕ್ಟಿನ್ ಪ್ರಬಂಧದಲ್ಲಿ ಪ್ರತಿರೋಧಿ ತಳಿಗಳು ಸಿಕ್ಕಿವೆ ಎಂದು ಯಾವ ಮುಜುಗರವೂ ಇಲ್ಲದೆ ಬರೆದಿದ್ದಾರೆ. ಔಷಧ ಎಲ್ಲಿ ಕೂರುತ್ತದೆ ಎಂಬುದನ್ನು ತೋರಿಸಿಕೊಟ್ಟದ್ದೂ ಆ ತಳಿಗಳ ರೂಪಾಂತರಗಳೇ.