ಕಡೀಕ ಯಾರ ಕೂಡ?

ದಾಂಡೇಲಿಯಲ್ಲಿ ಜುಲೈ ಮಳೆ ಹಿಡಿಯಿತೆಂದರೆ ಬಿಡುವ ಮಾತಿಲ್ಲ. ಒಗೆದ ಬಟ್ಟೆ ನಾಲ್ಕು ದಿನವಾದರೂ ಒಣಗುವುದಿಲ್ಲ, ಚಪ್ಪಲಿಗೆ ಬೂಸಲು, ಪುಸ್ತಕದ ರಟ್ಟು ಹಪ್ಪಳದಂತೆ ಬಾಗುತ್ತದೆ. ಅಂಥದೊಂದು ಮಳೆಗಾಲದಲ್ಲಿ, ಹಳಿಯಾಳದಲ್ಲಿ ಇಂಜಿನಿಯರಿಂಗ್ ಓದುವ ನನ್ನ ಅಕ್ಕನ ಮಗಳು ಪ್ಲಾಸ್ಟಿಕ್ ಚೀಲದಲ್ಲಿ ಸುತ್ತಿ ಎರಡು ದಪ್ಪ ಪುಸ್ತಕ ತಂದಿಟ್ಟಳು. ಜಪಾನಿನ ಮಾಂಗಾ, ಅಂದರೆ ಚಿತ್ರಕಥೆ. ನಾವೋಕಿ ಉರಾಸಾವಾ ಬರೆದು ಚಿತ್ರಿಸಿದ ‘ಮಾನ್‌ಸ್ಟರ್’, ಇಂಗ್ಲಿಷಿನಲ್ಲಿ. "ಮಾಮಾ, ಹಿಂದಿಂದ ಓದಬೇಕು, ಬಲಗಡೆಯಿಂದ ಎಡಕ್ಕ," ಅಂದಳು. ಉರ್ದು ಶಾಲೆಯ ಮಕ್ಕಳ ನಡುವೆ ಬೆಳೆದ ದಾಂಡೇಲಿಯವನಿಗೆ ಇದೇನು ಹೊಸದಲ್ಲ ಅಂದುಕೊಂಡೆ. ಆದರೂ ಮೊದಲ ದಿನ ಹತ್ತು ಸಲ ತಪ್ಪು ಕಡೆಯಿಂದ ಬಿಚ್ಚಿದೆ.

ನಮ್ಮದು ಕಾಗದದ ಊರು. ಐವತ್ತರ ದಶಕದಲ್ಲಿ ಕಾಳಿ ದಂಡೆಗೆ ಬಂದ ವೆಸ್ಟ್ ಕೋಸ್ಟ್ ಪೇಪರ್ ಮಿಲ್ಲಿಗೆ ಈ ಸೀಮೆಯ ಬಿದಿರೆಲ್ಲ ಲಾರಿಗಟ್ಟಲೆ ಬಂದು ಬೀಳುತ್ತಿತ್ತು. ಗಾಳಿ ತಿರುಗಿದ ದಿನ ಮಿಲ್ಲಿನ ವಾಸನೆ ಮನೆಯೊಳಗೇ ಕೂತಿರುತ್ತಿತ್ತು. ಹಾಗಾಗಿ ಪುಸ್ತಕ ಕೈಗೆ ಬಂದರೆ ಕಥೆಗಿಂತ ಮೊದಲು ಕಾಗದ ಮುಟ್ಟಿ ನೋಡುವ ಚಟ ನನಗೆ. ‘ಮಾನ್‌ಸ್ಟರ್’ ಮೊದಲು ಬಂದದ್ದು ‘ಬಿಗ್ ಕಾಮಿಕ್ ಒರಿಜಿನಲ್’ ಎಂಬ ನಿಯತಕಾಲಿಕದಲ್ಲಿ, 1994ರ ಡಿಸೆಂಬರಿನಿಂದ 2001ರ ಡಿಸೆಂಬರಿನವರೆಗೆ, ಧಾರಾವಾಹಿಯಾಗಿ. ಜಪಾನಿನಲ್ಲಿ ಅಂಥ ಪತ್ರಿಕೆಗಳನ್ನು ಅಗ್ಗದ ಒರಟು ಕಾಗದದ ಮೇಲೆ ಅಚ್ಚು ಹಾಕುತ್ತಾರೆ. ಓದಿ ರದ್ದಿಗೆ ಹಾಕಲೆಂದೇ ಅಚ್ಚಾದ ಹಾಳೆಗಳ ಮೇಲೆ ಏಳು ವರ್ಷ, 162 ಅಧ್ಯಾಯ, ಆಮೇಲೆ 18 ಸಂಪುಟ. ರದ್ದಿಗೆ ಹೋಗಬೇಕಾದ ಕಾಗದದ ಮೇಲೆ ಒಬ್ಬ ಮನುಷ್ಯ ಇಷ್ಟು ನಿಧಾನವಾಗಿ ಒಂದೊಂದು ಮುಖ ಕೆತ್ತುತ್ತಾ ಕೂತಿದ್ದನಲ್ಲ ಎಂದು ನೆನೆದರೆ ಮೈ ಜುಮ್ಮೆನ್ನುತ್ತದೆ.

ಮುಂದಿನ ವಾರ ಬಂದವಳು ಮುಂದಿನ ಸಂಪುಟಗಳ ಜೊತೆಗೆ ಒಂದು ಪ್ರಶ್ನೆಯನ್ನೂ ತಂದಳು. ಅವಳಿನ್ನೂ ಅರ್ಧ ದಾರಿಯಲ್ಲಿದ್ದಳು, ನಾನು ಅವಳ ಹಿಂದೆ. "ಮಾಮಾ, ಕಡೀಕ ಟೆನ್ಮಾಂದು ಯಾರ ಕೂಡ ಆಕ್ಕೈತಿ? ಏವಾನ ಕೂಡೋ, ನೀನಾನ ಕೂಡೋ?"

ನಕ್ಕುಬಿಟ್ಟೆ. ಸಾಲು ಸಾಲು ಕೊಲೆ ನಡೆದಿದೆ, ಪೊಲೀಸರು ಬೆನ್ನು ಹತ್ತಿದ್ದಾರೆ, ಇವಳಿಗೆ ಲಗ್ನದ ಚಿಂತೆ. ಆದರೆ ರಾತ್ರಿ ಹಂಚಿನ ಮೇಲೆ ಮಳೆ ಸುರಿಯುವಾಗ ಪುಟ ತಿರುವುತ್ತಾ ಹೋದಂತೆ ನನ್ನ ತಲೆಯಲ್ಲೂ ಅದೇ ಪ್ರಶ್ನೆ ಕೂತಿತು. (ಕಥೆ ಗೊತ್ತಾಗಬಾರದು ಅನ್ನುವವರು ಇಲ್ಲಿಗೇ ನಿಲ್ಲಿಸಿ. ಮುಂದೆ ಎಲ್ಲ ಬಿಚ್ಚಿ ಹೇಳುತ್ತೇನೆ.)

1986. ಪಶ್ಚಿಮ ಜರ್ಮನಿಯ ಡ್ಯುಸೆಲ್‌ಡಾರ್ಫ್. ಕೆಂಜೋ ಟೆನ್ಮಾ ಜಪಾನಿನಿಂದ ಬಂದ ಮೆದುಳಿನ ಶಸ್ತ್ರವೈದ್ಯ, ಕೈಗುಣದವನು. ಆಸ್ಪತ್ರೆಯ ನಿರ್ದೇಶಕರ ಮಗಳು ಏವಾ ಹೈನೆಮನ್ ಜೊತೆ ನಿಶ್ಚಿತಾರ್ಥ ಆಗಿದೆ. ಮೊದಲು ಬಂದಿದ್ದ ಒಬ್ಬ ತುರ್ಕಿ ಕೂಲಿಕಾರನನ್ನು ಬಿಡಿಸಿ ಹೆಸರಾಂತ ಗಾಯಕನಿಗೆ ಶಸ್ತ್ರಚಿಕಿತ್ಸೆ ಮಾಡಿಸುತ್ತಾರೆ, ಕೂಲಿಕಾರ ಸಾಯುತ್ತಾನೆ. ಎಲ್ಲರ ಜೀವಕ್ಕೂ ಒಂದೇ ಬೆಲೆಯೇ ಎಂಬಂಥ ಮಾತನ್ನು ಏವಾ ಹಗುರಾಗಿ ಆಡಿಬಿಡುತ್ತಾಳೆ. ಆ ಮಾತು ಟೆನ್ಮಾನೊಳಗೆ ಮುಳ್ಳಾಗಿ ಮುರಿಯುತ್ತದೆ. ಮುಂದಿನ ಸಲ ನಗರದ ಮೇಯರನ್ನು ಬಿಟ್ಟು, ಮೊದಲು ಬಂದ ಹುಡುಗನ ತಲೆಯಿಂದ ಗುಂಡು ತೆಗೆದು ಬದುಕಿಸುತ್ತಾನೆ. ಮೇಯರ್ ತೀರಿಕೊಳ್ಳುತ್ತಾರೆ. ಟೆನ್ಮಾನ ಹುದ್ದೆ ಹೋಗುತ್ತದೆ, ಏವಾ ಉಂಗುರ ಕಳಚುತ್ತಾಳೆ. ಆ ಹುಡುಗ ಯೋಹಾನ್. ಒಂಬತ್ತು ವರ್ಷ ಕಳೆದ ಮೇಲೆ ಅವನು ಕೊಲೆಗಾರನಾಗಿ ಎದುರಿಗೆ ಬಂದು ನಿಂತಾಗ, ತಾನು ಬದುಕಿಸಿದ ಜೀವವನ್ನು ತಾನೇ ಮುಗಿಸಬೇಕು ಎಂದು ಟೆನ್ಮಾ ಹೊರಡುತ್ತಾನೆ. ಕೊಲೆಗಳ ಆರೋಪ ಇವನ ತಲೆಯ ಮೇಲೇ ಬೀಳುತ್ತದೆ. ತನ್ನ ತಪ್ಪಿಲ್ಲದೆ ಬೇಟೆಯಾಗುವ ಮನುಷ್ಯನ ಕಥೆ ನಮಗೆ ಗೊತ್ತಿಲ್ಲದ್ದಲ್ಲ. ನಮ್ಮದೇ ಜಿಲ್ಲೆಯ ಹನೇಹಳ್ಳಿಯ ಯಶವಂತ ಚಿತ್ತಾಲರು 1979ರಲ್ಲೇ ‘ಶಿಕಾರಿ’ಯ ನಾಗಪ್ಪನನ್ನು ಮುಂಬಯಿಯ ಕಂಪನಿಯೊಂದರಲ್ಲಿ ಕೂಡಿಹಾಕಿ ಆ ಬೆವರನ್ನು ನಮಗೆ ಹತ್ತಿಸಿದ್ದಾರೆ.

ಏವಾಳನ್ನು ಮೊದಲ ಸಂಪುಟದಲ್ಲಿ ಯಾರೂ ಮೆಚ್ಚಲಾರರು. ಅಪ್ಪನ ಅಧಿಕಾರದ ನೆರಳಲ್ಲಿ ಬೆಳೆದ ಸೊಕ್ಕು, ಉಡುಪಿನ ಠೀವಿ, ಎತ್ತಿದ ಗದ್ದ. ಉರಾಸಾವಾ ಅವಳ ಮುಖವನ್ನು ಮೊದಲು ಫ್ಯಾಷನ್ ಪತ್ರಿಕೆಯ ರಕ್ಷಾಪುಟದ ಹಾಗೆ ಬಿಡಿಸುತ್ತಾನೆ, ಆಮೇಲೆ ಸಂಪುಟದಿಂದ ಸಂಪುಟಕ್ಕೆ ಆ ಮುಖವನ್ನು ತಾನೇ ಸವೆಸುತ್ತಾ ಹೋಗುತ್ತಾನೆ. ಅಪ್ಪ ಸತ್ತ, ಟೆನ್ಮಾ ಮೇಲೇರಿದ, ಇವಳು ಮರಳಿ ಬಂದಳು, ಅವನು ಒಲ್ಲೆ ಅಂದ. ಆಮೇಲೆ ಮದುವೆಗಳು, ವಿಚ್ಛೇದನಗಳು, ಬಾಟಲಿ. ಕಣ್ಣ ಕೆಳಗಿನ ಒಂದು ಗೆರೆ, ತುಟಿಯ ತುದಿಯಲ್ಲೊಂದು ಜೋಲು, ಗ್ಲಾಸು ಹಿಡಿದ ಬೆರಳಿನ ಬಿಗಿ. ಇಷ್ಟೇ ಬದಲು. ಎಲ್ಲಕ್ಕಿಂತ ಹರಿತವಾದದ್ದು ಇದು: ಟೆನ್ಮಾ ನಿರಪರಾಧಿ ಎಂದು ಹೇಳಬಲ್ಲ ಸಾಕ್ಷಿ ಅವಳು, ಯೋಹಾನನನ್ನು ಕಣ್ಣಾರೆ ಕಂಡವಳು. ಬಿಡಿಸಬಲ್ಲ ಬೀಗದ ಕೈ ಬಿಟ್ಟುಹೋದ ಹೆಣ್ಣಿನ ಕೈಯಲ್ಲಿದೆ, ಅವಳು ಕೊಡುವುದಿಲ್ಲ. ಕೊಟ್ಟರೆ ಅವನು ಪೂರ್ತಿ ಹೊರಟುಹೋದಾನು ಎಂಬ ಭಯವೋ, ಸೇಡೋ, ಎರಡೂ ಒಂದೇ ಗ್ಲಾಸಿನಲ್ಲಿ ಕಲಸಿಹೋಗಿದೆಯೋ.

ನಮ್ಮ ಕಡೆ ಯಕ್ಷಗಾನ, ತಾಳಮದ್ದಳೆ ಕೇಳಿ ಬೆಳೆದವರಿಗೆ ಶೃಂಗಾರ ಎರಡು ಬಗೆ ಎಂದು ಯಾರೂ ಪಾಠ ಮಾಡಬೇಕಿಲ್ಲ. ಸಂಭೋಗ ಒಂದು, ವಿಪ್ರಲಂಭ ಇನ್ನೊಂದು, ಕೂಡಿದ್ದು ಮತ್ತು ಅಗಲಿದ್ದು. ಭರತ ಇನ್ನೂ ಒಂದು ಸೂಕ್ಷ್ಮ ಹೇಳುತ್ತಾನೆ. ಅಗಲಿಕೆಯ ಅಳು ಕರುಣವೂ ಆಗಬಹುದು, ವಿಪ್ರಲಂಭವೂ ಆಗಬಹುದು. ಮರಳಿ ಕೂಡುವ ಅಪೇಕ್ಷೆ ಉಳಿದಿದ್ದರೆ ವಿಪ್ರಲಂಭ, ಅದು ಕಡಿದುಹೋಗಿದ್ದರೆ ಕರುಣ. ನಳ ದಮಯಂತಿಯನ್ನು ಕಾಡಿನಲ್ಲಿ ಬಿಟ್ಟುಹೋಗಿ, ರೂಪ ಕೆಟ್ಟು ಬಾಹುಕನಾಗಿ ಪರರ ಮನೆಯಲ್ಲಿ ಕುದುರೆ ನೋಡಿಕೊಂಡು ಅಡುಗೆ ಮಾಡಿಕೊಂಡಿರುವಾಗಲೂ ನಾವು ನಿಶ್ಚಿಂತೆಯಿಂದ ಕೂತಿರುತ್ತೇವೆ, ಯಾಕೆಂದರೆ ಅಪೇಕ್ಷೆ ಸತ್ತಿಲ್ಲ. ಸಖಿ ಕೇಶಿನಿ ತಂದುಕೊಟ್ಟ ಅವನ ಅಡುಗೆಯ ರುಚಿ ನೋಡಿಯೇ ದಮಯಂತಿ ಗುರುತು ಹಿಡಿಯುತ್ತಾಳೆ. ಕನಕದಾಸರಿಂದ ಹಿಡಿದು ಮೇಳದ ಭಾಗವತರವರೆಗೆ ಎಲ್ಲರೂ ಈ ಕಥೆಯನ್ನು ಚಪ್ಪರಿಸಿದ್ದು ಸುಮ್ಮನೆ ಅಲ್ಲ.

ಟೆನ್ಮಾನೂ ಬಾಹುಕನೇ. ಕೂದಲು ಬಿಟ್ಟುಕೊಂಡು, ಗಡ್ಡ ಕುರುಚಲು, ಹೆಗಲಿಗೊಂದು ಚೀಲ, ಊರೂರು. ಉರಾಸಾವಾನ ಸೊಗಸು ಎಲ್ಲಿದೆಯೆಂದರೆ, ಅಪೇಕ್ಷೆಯನ್ನು ಅವನು ಒಂದೇ ಕಡೆ ಉಳಿಸಿದ. ಏವಾಳಿಗೆ ಇದು ಕೊನೆಯವರೆಗೂ ವಿಪ್ರಲಂಭ. ಟೆನ್ಮಾನಿಗೆ ಉಂಗುರ ಕಳಚಿದ ದಿನವೇ ಕರುಣ, ಬರಬರುತ್ತಾ ಬರೀ ಕರುಣೆ. ಒಂದೇ ಅಗಲಿಕೆ, ಎರಡು ರಸ. ಒಂದೇ ಪುಟದಲ್ಲಿ ಇಬ್ಬರೂ ಇದ್ದಾಗ ಓದುವ ಕಣ್ಣು ಯಾವ ಕಡೆ ವಾಲಬೇಕೋ ತಿಳಿಯದೆ ತೂಗುತ್ತದೆ. ಅವನು ಅವಳನ್ನು ದ್ವೇಷಿಸಿದ್ದರೆ ನಮಗೆ ಸುಲಭವಾಗುತ್ತಿತ್ತು. ವೈದ್ಯ ರೋಗಿಯನ್ನು ನೋಡುವ ಹಾಗೆ ನೋಡುತ್ತಾನೆ, ಪ್ರೀತಿಸುವ ಹೆಣ್ಣಿಗೆ ಅದಕ್ಕಿಂತ ದೊಡ್ಡ ಶಿಕ್ಷೆ ಇದೆಯೇ?

ಹೋದದ್ದು ಮರಳಿ ಬಂದರೂ ಅದೇ ಆಗಿರುವುದಿಲ್ಲ ಎಂಬುದು ಜೋಯಿಡಾ ಸೀಮೆಯವರಿಗೆ ಹೇಳಿಕೊಡಬೇಕಿಲ್ಲ. ಅಣೆಕಟ್ಟಿನ ಹಿನ್ನೀರಿಗೆ ಹಳೆಯ ಸೂಪಾ ಪೇಟೆ ಮುಳುಗಿತು, ಜನ ರಾಮನಗರಕ್ಕೆ ಬಂದರು. ಹೆಸರು ಮಾತ್ರ ಅಣೆಕಟ್ಟಿನ ಮೇಲೆ ಉಳಿಯಿತು. ಏವಾ ಬಾಗಿಲು ತಟ್ಟುವ ಪುಟ ಓದುವಾಗ ನನಗೆ ನೆನಪಾದದ್ದು ಆ ನೀರು. ಊರು ಇದೆ, ಕೆಳಗೆ ಇದೆ, ಹೋಗಿ ಸೇರಲಾಗದು.

ಇನ್ನು ನೀನಾ. ಯೋಹಾನನ ಅವಳಿ ತಂಗಿ, ಹೈಡೆಲ್‌ಬರ್ಗಿನಲ್ಲಿ ಕಾನೂನು ಓದುವ ಇಪ್ಪತ್ತರ ಹುಡುಗಿ. 1986ರಲ್ಲಿ ಅಣ್ಣನ ತಲೆಗೆ ಗುಂಡು ಹೊಡೆದವಳು ಇವಳೇ, ಆ ಗುಂಡನ್ನು ತೆಗೆದವನು ಟೆನ್ಮಾ. ಅಂದರೆ ಇವರಿಬ್ಬರ ನಂಟು ಶುರುವಾದದ್ದೇ ಒಬ್ಬರು ಮಾಡಿದ್ದನ್ನು ಇನ್ನೊಬ್ಬರು ಅಳಿಸಿದ್ದರಿಂದ. ಹರೆಯದ ಓದುಗರಿಗೆ ಇಲ್ಲಿ ಪ್ರೇಮ ಕಂಡರೆ ತಪ್ಪೇನಿಲ್ಲ. ನನಗೆ ಕಂಡದ್ದು ಬೇರೆ. ಯೋಹಾನನನ್ನು ಕೊಲ್ಲುವ ಪಾಪ ಡಾಕ್ಟರ ಕೈಗೆ ಹತ್ತಬಾರದೆಂದು ನೀನಾ ಮುಂದೆ ಓಡುತ್ತಾಳೆ, ಅದು ಹುಡುಗಿಯ ಕೈಗೆ ಹತ್ತಬಾರದೆಂದು ಟೆನ್ಮಾ ಇನ್ನೂ ಮುಂದೆ ಓಡುತ್ತಾನೆ. ಪಾಪವನ್ನು ಒಬ್ಬರಿಂದೊಬ್ಬರು ಕಸಿದುಕೊಳ್ಳುವ ಓಟ. ಇಬ್ಬರೂ ಕೋವಿ ಹಿಡಿದಿದ್ದಾರೆ, ಇಬ್ಬರಿಗೂ ಮತ್ತೊಬ್ಬರು ಹೊಡೆಯದಿದ್ದರೆ ಸಾಕು. ಇದಕ್ಕೆ ಪ್ರೇಮ ಎನ್ನಲು ನನ್ನ ನಾಲಗೆ ಹೊರಳುವುದಿಲ್ಲ, ಪ್ರೇಮಕ್ಕಿಂತ ಕಡಿಮೆ ಎನ್ನಲೂ ಹೊರಳುವುದಿಲ್ಲ. ಅವಳು ಕೊನೆಯವರೆಗೂ ಅವನನ್ನು ಕರೆಯುವುದು ಡಾಕ್ಟರ್ ಟೆನ್ಮಾ ಎಂದೇ. ಆ ಬಿರುದನ್ನು ಉರಾಸಾವಾ ಬೀಳಿಸದೆ ಉಳಿಸಿದ್ದು ಜಾಣತನ. ಬೀಳಿಸಿದ್ದರೆ ಕಥೆ ಸಿನಿಮಾ ಆಗುತ್ತಿತ್ತು.

ನೀನಾಳ ದಾರಿಯಲ್ಲಿ ಸಿಗುವ ಇಟಲಿಯ ಹೋಟೆಲಿನ ಯಜಮಾನ ರೊಸ್ಸೊ ಹಳೆಯ ಬಾಡಿಗೆ ಕೊಲೆಗಾರ. ಗುರಿಯಿಟ್ಟ ಮನುಷ್ಯ ಕಾಫಿಗೆ ಸಕ್ಕರೆ ಹಾಕಿಕೊಳ್ಳುವುದನ್ನು ಕಂಡದ್ದೇ ಅವನ ಬೆರಳು ಕುದುರೆಯ ಮೇಲೆ ನಿಂತುಹೋಯಿತು, ಆ ಕಸುಬೇ ಬಿಟ್ಟ. ಬೆಳಿಗ್ಗೆ ನಾಲ್ಕು ಚಮಚ ಸಕ್ಕರೆ ಹಾಕಿ ಚಹಾ ಕುಡಿಯುವ ನಮ್ಮೂರಿನವರ ಆಯಸ್ಸಿನ ಗುಟ್ಟು ಇದೇ ಇರಬೇಕು. ಈ ಕಥೆಯಲ್ಲಿ ಮನುಷ್ಯರನ್ನು ಕೊಲ್ಲದಂತೆ ತಡೆಯುವುದು ಯಾವಾಗಲೂ ಇಂಥ ಸಣ್ಣ ರುಚಿ. ಅಡುಗೆ, ಊಟ, ಒಂದು ಬಟ್ಟಲು ಸೂಪು. ಟೆನ್ಮಾ ಪರರ ಮನೆಗಳಲ್ಲಿ ಅಡುಗೆ ಮಾಡಿ ಬಡಿಸುವ ಪುಟಗಳನ್ನು ನಾನು ಎರಡೆರಡು ಸಲ ಓದಿದ್ದೇನೆ. ಬಾಹುಕ, ಮತ್ತೆ ಬಾಹುಕ.

ನಡುವಿನ ಸಂಪುಟಗಳು ಎಳೆಯುತ್ತವೆ, ಸುಳ್ಳು ಹೇಳಲಾರೆ. ಹೊಸ ಊರು, ಹೊಸ ಮನುಷ್ಯ, ಅವನ ಬಾಲ್ಯ, ಅವನ ಸಾವು. ಆದರೆ ಆ ಎಳೆತದಲ್ಲೇ ಮಾರ್ಟಿನ್ ಬರುತ್ತಾನೆ.

ಮಾರ್ಟಿನ್ ಏವಾಳಿಗೆ ಕಾವಲಿಗೆಂದು ಇಟ್ಟ ಆಳು. ಫ್ರಾಂಕ್‌ಫರ್ಟಿನ ಕತ್ತಲ ಜನ ಅವಳನ್ನು ಪಾರ್ಟಿಯಿಂದ ಪಾರ್ಟಿಗೆ ಕರೆದೊಯ್ದು ಯೋಹಾನನನ್ನು ಗುರುತಿಸಲು ಬಳಸಿಕೊಳ್ಳುತ್ತಾರೆ. ಇವನ ಕೆಲಸ ಅವಳನ್ನು ಹೊತ್ತು ತರುವುದು, ಕೈಯಿಂದ ಬಾಟಲಿ ಕಿತ್ತಿಡುವುದು, ಬೈಸಿಕೊಳ್ಳುವುದು. ಹುಡುಗನಾಗಿದ್ದಾಗ ಕುಡಿದು ಬಿದ್ದ ತಾಯಿಯನ್ನು ಎಳೆದು ಎಳೆದು ಸಾಕಾಗಿ ಒಂದು ಚಳಿಗಾಲದ ರಾತ್ರಿ ಬಿಟ್ಟುಬಂದವನು ಇವನು. ತಾಯಿ ಚಳಿಗೆ ಸತ್ತಳು. ಈಗ ಅವನ ಹೆಗಲ ಮೇಲೆ ಮತ್ತೊಬ್ಬ ಕುಡುಕ ಹೆಂಗಸು. ಈ ಸಲ ಬಿಡುವುದಿಲ್ಲ ಎಂದು ಅವನು ಎಲ್ಲಿಯೂ ಹೇಳುವುದಿಲ್ಲ, ಉರಾಸಾವಾ ಹೇಳಿಸುವುದೂ ಇಲ್ಲ. ಮುಖ ಕಲ್ಲಿನ ಹಾಗೆ, ಕಣ್ಣು ಮಾತ್ರ ಚೌಕಟ್ಟಿನ ಅಂಚಿನಿಂದ ಅವಳ ಕಡೆ. ಅವಳನ್ನು ಮುಗಿಸೆಂದು ಅಪ್ಪಣೆ ಬಂದಾಗ ಅವನು ಅವಳನ್ನು ಪಾರು ಮಾಡಿ, ತಾನು ಹಿಂದೆ ಉಳಿದು, ಗುಂಡು ತಿಂದು ಸಾಯುತ್ತಾನೆ. ಸಾಯುವಾಗ ಹತ್ತಿರ ಇದ್ದವನು ಟೆನ್ಮಾ. ಏವಾಳಿಗೆ ಒಲಿದ ಗಂಡು ಏವಾ ಒಲಿದ ಗಂಡಿನ ಕೈಯಲ್ಲಿ ಪ್ರಾಣ ಬಿಡುತ್ತಾನೆ, ಅವಳು ಬೇರೆಲ್ಲೋ ಕಾಯುತ್ತಿದ್ದಾಳೆ. ಇಷ್ಟು ಬಿಗಿಯಾದ ತ್ರಿಕೋನವನ್ನು ಒಂದು ಹನಿ ಕಣ್ಣೀರೂ ಸುರಿಸದೆ ಕಟ್ಟಿದ್ದು ನೋಡಿ.

ನಮ್ಮ ಕಾಡಿನಲ್ಲಿ ಮಂಗಟ್ಟೆ ಹಕ್ಕಿ, ಈಗ ಎಲ್ಲರೂ ಹಾರ್ನ್‌ಬಿಲ್ ಅನ್ನುತ್ತಾರೆ, ನಾಲ್ಕು ಜಾತಿಯವು ಇವೆ. 2011ರಲ್ಲಿ ಅವುಗಳಿಗೆಂದೇ ದಾಂಡೇಲಿಯಲ್ಲಿ ಸಂರಕ್ಷಿತ ಪ್ರದೇಶ ಘೋಷಣೆಯಾಯಿತು. ಮರಿ ಮಾಡುವ ಕಾಲಕ್ಕೆ ಹೆಣ್ಣು ಮರದ ಪೊಟರೆಯೊಳಗೆ ಹೊಕ್ಕು ಬಾಯಿ ಮುಚ್ಚಿಕೊಳ್ಳುತ್ತದೆ, ಕೊಕ್ಕು ತೂರುವಷ್ಟು ಸೀಳು ಮಾತ್ರ. ಗಂಡು ಬಸರಿ, ಆಲದ ಹಣ್ಣು ತಂದು ಒಂದೊಂದಾಗಿ ಗಂಟಲಿಂದ ಎತ್ತಿ ಆ ಸೀಳಿನಲ್ಲಿ ಕೊಡುತ್ತದೆ, ತಿಂಗಳುಗಟ್ಟಲೆ. ಬೇಸಿಗೆಯಲ್ಲಿ ಒಮ್ಮೆ ಮರದ ಕೆಳಗೆ ಒಂದು ತಾಸು ಅಲ್ಲಾಡದೆ ಕೂತು ನೋಡಿದ್ದೆ. ದಾಸಮಂಗಟ್ಟೆಯ ರೆಕ್ಕೆಯ ಸದ್ದು ರೈಲಿನ ಉಸಿರಿನಂತೆ ಬಂತು, ಕೊಟ್ಟಿತು, ಹೋಯಿತು. ಒಳಗಿನದು ಕಾಣಲಿಲ್ಲ, ಕೊಕ್ಕಿನ ತುದಿ ಅಷ್ಟೇ. ಮಾರ್ಟಿನ್ ಬರುವ ಪುಟಗಳ ಹೊತ್ತಿಗೆ ಆ ಸೀಳು ನೆನಪಾಯಿತು. ಏವಾ ತಾನೇ ಒಳಗಿನಿಂದ ಮೆತ್ತಿಕೊಂಡ ಗೋಡೆ, ಬಾಟಲಿಯದು, ಸೊಕ್ಕಿನದು. ಹೊರಗೆ ಒಬ್ಬ ಬಂದು ಹೋಗಿ ಬಂದು ಹೋಗಿ ಮಾಡುತ್ತಿದ್ದ. ಒಂದು ದಿನ ಬರಲಿಲ್ಲ.

ಕೊನೆಗೆ ಬವೇರಿಯಾದ ಒಂದು ಸಣ್ಣ ಊರಿನಲ್ಲಿ ಎಲ್ಲ ಎಳೆಗಳು ಕೂಡುತ್ತವೆ. ಟೆನ್ಮಾ ಗುಂಡು ಹಾರಿಸುವುದಿಲ್ಲ, ಯಾರೋ ಒಬ್ಬ ಕುಡುಕ ತಂದೆ ಮಗನನ್ನು ಉಳಿಸಲು ಹಾರಿಸುತ್ತಾನೆ, ಟೆನ್ಮಾ ಯೋಹಾನನಿಗೆ ಮತ್ತೊಮ್ಮೆ ಶಸ್ತ್ರಚಿಕಿತ್ಸೆ ಮಾಡುತ್ತಾನೆ. ಆರೋಪ ಕಳೆದ ಮೇಲೆ ಗಡಿಯಿಲ್ಲದ ವೈದ್ಯರ ಸಂಸ್ಥೆ ಸೇರಿ ದೂರದೇಶಕ್ಕೆ ಹೋಗುತ್ತಾನೆ. ನೀನಾ ವಕೀಲೆಯಾಗುವ ದಾರಿ ಹಿಡಿಯುತ್ತಾಳೆ. ಅವಳ ಗಾಯಕ್ಕೆ ಈ ಮುಲಾಮು ಸ್ವಲ್ಪ ಬೇಗ ಹತ್ತಿತು ಎಂದು ನನ್ನ ತಕರಾರು. ಏವಾ ಕುಡಿಯುವುದು ಬಿಟ್ಟು ಕೆಲಸಕ್ಕೆ ಸೇರುತ್ತಾಳೆ. ಏನು ಕೆಲಸ ಎಂದರೆ ಜನರ ಅಡುಗೆಮನೆ ಹೇಗಿರಬೇಕೆಂದು ಯೋಜಿಸಿಕೊಡುವುದು. ಒಲೆ ಎಲ್ಲಿ, ಕಪಾಟು ಎಷ್ಟೆತ್ತರ.

ತ್ರಿವೇಣಿಯವರ ‘ಶರಪಂಜರ’ವನ್ನು ಓದಿದವರಿಗೆ, ಕಲ್ಪನಾ ಕಾವೇರಿಯಾದದ್ದನ್ನು ಪುಟ್ಟಣ್ಣನವರ ಸಿನಿಮಾದಲ್ಲಿ ನೋಡಿದವರಿಗೆ, ಮನಸ್ಸು ಒಡೆದ ಹೆಣ್ಣಿಗೆ ಗಂಡನ ಪ್ರೀತಿ ಸಿಗದಿದ್ದರೆ ಮತ್ತೆ ಆಸ್ಪತ್ರೆಯ ದಾರಿಯೇ ಎಂಬುದು ಎದೆಯಲ್ಲಿ ಕೂತಿದೆ. ಅಲ್ಲಿ ಪ್ರೀತಿಯೇ ಮದ್ದು, ಮದ್ದು ಸಿಗದ್ದೇ ದುರಂತ. ಏವಾಳಿಗೂ ಮದ್ದು ಸಿಗಲಿಲ್ಲ. ಆದರೂ ಅವಳು ಎದ್ದು, ಅಳತೆಯ ಟೇಪು ಹಿಡಿದು ಇನ್ನೊಬ್ಬರ ಒಲೆಯ ಎದುರು ನಿಂತಿದ್ದಾಳೆ. ಒಲೆಯ ಕಡೆಗೆ ಅವಳನ್ನು ತಿರುಗಿಸಿದ್ದು ಯಾವ ರುಚಿಯ ನೆನಪೋ, ಕಥೆಗಾರ ಬಾಯಿಬಿಡುವುದಿಲ್ಲ. ದಮಯಂತಿಯ ತಟ್ಟೆ ಇಲ್ಲಿ ಖಾಲಿ ಇದೆ, ತೊಳೆದು ಒರೆಸಿಟ್ಟಿದೆ.

ಮುಂಡಗೋಡಿನಲ್ಲೊಂದು ಕೆಲಸವಿತ್ತು. ಹಳಿಯಾಳದ ಮೇಲೇ ಹೋಗುವುದರಿಂದ ಪುಸ್ತಕಗಳನ್ನು ಹಿಂದಿರುಗಿಸಲೆಂದು ಚೀಲಕ್ಕೆ ಹಾಕಿಕೊಂಡೆ. ಬಸ್ಸಿನಲ್ಲಿ ಪಕ್ಕದ ಸೀಟಿನ ಟಿಬೆಟನ್ ಸನ್ಯಾಸಿ, ಹದಿನೆಂಟು ಇಪ್ಪತ್ತರ ಹುಡುಗ, ರಕ್ಷಾಪುಟ ನೋಡಿ ಕಣ್ಣರಳಿಸಿದ. "ಟೆನ್ಮಾ!" ಅಂದ. ಮುಂದೆ ಅವನಿಗೆ ಕನ್ನಡ ಸಾಲದು, ನನಗೆ ಹಿಂದಿ ಸಾಲದು. ಹೆಬ್ಬೆರಳು ಎತ್ತಿ ತೋರಿಸಿಕೊಂಡು ಇಬ್ಬರೂ ಸುಮ್ಮನಾದೆವು.

ಅಕ್ಕನ ಮಗಳು ಸ್ಟ್ಯಾಂಡಿಗೆ ಬಂದಿದ್ದಳು. ಅಷ್ಟರಲ್ಲಿ ಅವಳೂ ಮುಗಿಸಿದ್ದಳು. "ಯಾರ ಕೂಡನೂ ಆಗ್ಲಿಲ್ಲ ಬಿಡ ಮಾಮಾ," ಅಂದಳು, ದೂರಿನ ದನಿಯಲ್ಲ. ಚೀಲ ಕೊಡುವ ಮೊದಲು ಒಂದು ಸಂಪುಟದಿಂದ ಇಣುಕುತ್ತಿದ್ದ ಚೀಟಿ ಎಳೆದು ನೋಡಿದೆ. ಹಳಿಯಾಳ–ದಾಂಡೇಲಿ, ಶಕ್ತಿ ಯೋಜನೆಯ ಸೊನ್ನೆ ದರದ ಟಿಕೆಟ್ಟು, ಅವಳು ಗುರುತಿಗೆಂದು ಇಟ್ಟದ್ದು. ಆ ಪುಟದಲ್ಲಿ ಟೆನ್ಮಾ ಇರಲಿಲ್ಲ. ಮಾರ್ಟಿನ್ ಇದ್ದ, ಏವಾ ಇದ್ದಳು.

ಟಿಕೆಟ್ಟನ್ನು ಇದ್ದಲ್ಲೇ ಇಟ್ಟು ಪುಸ್ತಕ ಮುಚ್ಚಿ ಕೊಟ್ಟೆ.