ಕಪ್ಪು ಹಾಳೆಯ ಮೇಲೆ ಮೂಡಿದ ನಗರ

ಬ್ರೂಸ್ ಟಿಮ್ ಮತ್ತು ಎರಿಕ್ ರಡೋಮ್ಸ್ಕಿ ರೂಪಿಸಿ, 1992ರ ಸೆಪ್ಟೆಂಬರ್‌ನಲ್ಲಿ ಅಮೆರಿಕದ ಫಾಕ್ಸ್ ವಾಹಿನಿಯಲ್ಲಿ ಪ್ರಸಾರ ಆರಂಭಿಸಿದ ‘ಬ್ಯಾಟ್‌ಮನ್: ದಿ ಆ್ಯನಿಮೇಟೆಡ್ ಸೀರೀಸ್’ ಮಕ್ಕಳ ಕಾರ್ಯಕ್ರಮಗಳ ನಡುವೆ ಬಂದರೂ ಮಕ್ಕಳ ಗ್ರಹಿಕೆಯನ್ನು ಕೀಳಾಗಿ ಎಣಿಸದ ಸರಣಿಯಾಗಿತ್ತು. ವಾಡಿಕೆಯ ಬಿಳಿ ಹಾಳೆಯನ್ನು ಬಿಟ್ಟು ಕಪ್ಪು ಹಾಳೆಯ ಮೇಲೆ ತಿಳಿಬಣ್ಣಗಳಿಂದ ಹಿನ್ನೆಲೆಗಳನ್ನು ಬರೆದದ್ದರಿಂದ ಕಥೆ ನಡೆಯುವ ಗಾಥಮ್ ನಗರದಲ್ಲಿ ಕತ್ತಲೆಯೇ ಮೂಲದ್ರವ್ಯವಾಯಿತು; ಬೆಳಕು ಕಿಟಕಿಗಳಲ್ಲಿ, ಬೀದಿದೀಪಗಳ ಸುತ್ತ ಅಷ್ಟಿಷ್ಟು ಇಣುಕಿತು. 1920 ಮತ್ತು 30ರ ದಶಕಗಳ ಕಟ್ಟಡಗಳಲ್ಲಿ ಪ್ರಚಲಿತವಾಗಿದ್ದ, ಜ್ಯಾಮಿತೀಯ ಆಕೃತಿಗಳಿಗೆ ಒತ್ತು ಕೊಡುವ ಆರ್ಟ್ ಡೆಕೊ ಶೈಲಿಯನ್ನು ಈ ಕತ್ತಲೆಯೊಡನೆ ಬೆಸೆದ ಕ್ರಮಕ್ಕೆ ‘ಡಾರ್ಕ್ ಡೆಕೊ’ ಎಂಬ ಹೆಸರು ನಿಂತಿತು.

ಬ್ಯಾಟ್‌ಮನ್‌ಗೂ ಅವನ ನಿಜರೂಪವಾದ ಸಿರಿವಂತ ಬ್ರೂಸ್ ವೇಯ್ನ್‌ಗೂ ಕೆವಿನ್ ಕಾನ್‌ರಾಯ್ ಬೇರೆ ಬೇರೆ ದನಿ ಕೊಟ್ಟರೆ, ‘ಸ್ಟಾರ್ ವಾರ್ಸ್’ನ ನಾಯಕನಾಗಿ ಪ್ರಸಿದ್ಧರಾಗಿದ್ದ ಮಾರ್ಕ್ ಹ್ಯಾಮಿಲ್ ಬ್ಯಾಟ್‌ಮನ್‌ನ ವೈರಿ ಜೋಕರನ ನಗುವಿನಲ್ಲಿ ಹಾಸ್ಯವನ್ನೂ ಭೀತಿಯನ್ನೂ ಒಟ್ಟಿಗಿಟ್ಟರು. ಆದರೂ ಸರಣಿಯ ನಿಜವಾದ ಎತ್ತರ ಕಾಣುವುದು ಪಾಲ್ ಡಿನಿ ಬರೆದ ‘ಹಾರ್ಟ್ ಆಫ್ ಐಸ್’ ಕಂತಿನಲ್ಲಿ. ಕಾಮಿಕ್ಸ್‌ನಲ್ಲಿ ಹಿಮಾಸ್ತ್ರದ ಗೀಳಿನ ಸಾಧಾರಣ ಖಳನಾಗಿದ್ದ ಮಿಸ್ಟರ್ ಫ್ರೀಜ್, ಇಲ್ಲಿ ಕಾಯಿಲೆಯ ಮಡದಿಯನ್ನು ಉಳಿಸಹೊರಟು ಸೋತ ವಿಜ್ಞಾನಿಯಾದ; ಕಾಮಿಕ್ಸ್ ಪುಸ್ತಕಗಳೂ ಮುಂದೆ ಈ ಪೂರ್ವಕಥೆಯನ್ನೇ ಒಪ್ಪಿಕೊಂಡವು. ಪುಸ್ತಕದಿಂದ ಪರದೆಗೆ ಬರುವ ರೂಢಿಯ ದಾರಿ ಹೀಗೆ ತಿರುಗುಮುರುಗಾದುದೇ ಸರಣಿಯ ಆರಂಭಿಕ ಪರಂಪರೆಯ ಮುಖ್ಯಾಂಶ. ಜೋಕರನ ಸಹಚರಿಯಾಗಿ ಇದೇ ಸರಣಿಯಲ್ಲಿ ಹುಟ್ಟಿದ ಹಾರ್ಲಿ ಕ್ವಿನ್ ಮರುವರ್ಷವೇ, 1993ರಲ್ಲಿ, ಕಾಮಿಕ್ಸ್ ಪುಟಗಳನ್ನು ಸೇರಿದಳು.